ಇನ್ನೂ ಕಲಿಸದ ಪಾಠ ಯಾರ ಆಸ್ತಿ?

ದೇವರು ಈ ಲೋಕವನ್ನು ಪಂಚಭೂತಗಳಿಂದ ಮಾಡಿದ ಎನ್ನುವವರಿದ್ದಾರೆ. ಲೆಕ್ಕದಕ್ಕ ಅದನ್ನು ಒಪ್ಪುವುದಿಲ್ಲ. ಆಕೆಯ ಪ್ರಕಾರ ಲೋಕಕ್ಕೆ ಬೇಕಾದದ್ದು ಮೂರೇ: ಆಸ್ತಿ, ಹೊಣೆ, ಬಂಡವಾಳ. ಮಿಕ್ಕ ಎರಡು ಭೂತಗಳು ದೇವರು ಮಾಡಿದ ದುಂದುವೆಚ್ಚ.

ಈ ವಿಂಗಡಣೆಯ ಹುಚ್ಚು ಆಕೆಗೆ ಯಾವಾಗ ಹಿಡಿಯಿತೆಂಬುದರ ಬಗ್ಗೆ ಬೀದಿಯಲ್ಲಿ ಒಮ್ಮತವಿಲ್ಲ. ಹುಟ್ಟಿದ ಕೂಡಲೇ ಅಳದೆ, ದಾದಿಯನ್ನೂ ತೊಟ್ಟಿಲನ್ನೂ ಒಮ್ಮೆ ದಿಟ್ಟಿಸಿ, ಇದು ಆಸ್ಪತ್ರೆಯದು, ಅದು ನಮ್ಮದು ಎಂದು ಮನಸ್ಸಿನಲ್ಲೇ ಖಚಿತಪಡಿಸಿಕೊಂಡು ಆಮೇಲೆ ಅತ್ತಳೆಂದು ಒಂದು ಪಕ್ಷ. ಹಲ್ಲಿನ ಡಾಕ್ಟರು ದವಡೆಹಲ್ಲು ಕಿತ್ತು ಅಂಗೈಯಲ್ಲಿಟ್ಟಾಗ, ಊದಿಕೊಂಡ ಬಾಯಲ್ಲೇ "ನಿನ್ನೆವರೆಗೂ ಆಸ್ತಿ, ಇವತ್ತಿಂದ ವಜಾ" ಎಂದಳೆಂದು ಇನ್ನೊಂದು ಪಕ್ಷ. ಡ್ರೈವಿಂಗ್ ಸ್ಕೂಲಿನ ಮೆಟ್ಟಿಲ ಮೇಲೆ ಮಲಗುವ ಬೀದಿನಾಯಿಯನ್ನು ತೋರಿಸಿ ಯಾರೋ ಕೀಟಲೆಗೆ, "ಇದು ಆಸ್ತಿನಾ, ಹೊಣೆನಾ, ಅಕ್ಕಾ?" ಎಂದು ಕೇಳಿದ್ದಂತೂ ಎಲ್ಲರೂ ಕಂಡದ್ದು.

"ಅದು ನಮ್ಮ ಪುಸ್ತಕದಲ್ಲೇ ಇಲ್ಲ," ಎಂದಿದ್ದಳು ಲೆಕ್ಕದಕ್ಕ. "ಅದಕ್ಕೇ ನೋಡು, ಎಷ್ಟು ನೆಮ್ಮದಿಯಾಗಿ ಮಲಗಿದೆ."

ಆ ಡ್ರೈವಿಂಗ್ ಸ್ಕೂಲು ಆಕೆಯ ಮೈದುನನದು. ಶುರುಮಾಡಿದ ಹೊಸತರಲ್ಲಿ "ಅತ್ತಿಗೆ, ಒಂದೇ ಒಂದು ತಿಂಗಳು ಲೆಕ್ಕ ನೋಡಿಕೊಡಿ" ಎಂದು ಕೈಮುಗಿದು ಕರೆದಿದ್ದ. ಆ ಒಂದು ತಿಂಗಳು ಹನುಮಂತನ ಬಾಲದಂತೆ ಬೆಳೆದು, ಆಕೆಯ ತಲೆಗೂದಲು ಅರ್ಧ ನರೆಯುವವರೆಗೆ ಬಂದಿತ್ತು. ಇತ್ತ ಗಂಡನದು ಗಡಿಯಾರ ರಿಪೇರಿ. ಜನ ಮೊಬೈಲಿನಲ್ಲಿ ಗಂಟೆ ನೋಡಲು ಶುರುಮಾಡಿದ ಮೇಲೆ ಅವನ ಸಂಪಾದನೆಯೂ ಮನೆ ಮುಂಭಾಗದ ಅಂಗಡಿಯಲ್ಲಿ ತೂಗುಹಾಕಿದ ಗಡಿಯಾರಗಳ ಹಾಗೆಯೇ ನಿಂತಿತ್ತು. ಮನೆ ಬಾಡಿಗೆ ನಡೆಯುತ್ತಿದ್ದುದು ಲೆಕ್ಕದಕ್ಕನ ಸಂಬಳದಿಂದ.

ಸ್ಕೂಲೆಂದರೆ ಒಂದು ಕೋಣೆ. ಗೋಡೆಯ ಮೇಲೆ ಸಂಚಾರ ಚಿಹ್ನೆಗಳ ದೊಡ್ಡ ಹಾಳೆ. ಬಿಸಿಲಿಗೆ ಅದರ ಕೆಂಪು ಬಣ್ಣ ಮಾಸಿ, 'ನಿಲ್ಲಿ' ಎನ್ನುವ ಚಿಹ್ನೆ 'ದಯವಿಟ್ಟು ನಿಲ್ಲುತ್ತೀರಾ' ಎನ್ನುವಷ್ಟು ಮೆತ್ತಗಾಗಿತ್ತು. ಫೀಸು ಕಟ್ಟಲು ಬೀದಿಗೆ ತೆರೆಯುವ ಒಂದು ಕಿಟಕಿ. ಕಾಯುವವರಿಗೆ ಒಂದು ಬೆಂಚು. ಎರಡೂ ಕಡೆ ಬ್ರೇಕಿರುವ ಒಂದು ಹಳೆಯ ಕಾರು, ಅದರಲ್ಲಿ ಕಲಿಸಲು ಒಬ್ಬರು ಮೇಷ್ಟ್ರು. ಮೂಲೆಯ ಮೇಜಿನ ಮೇಲೆ ಮೂರು ತಗಡಿನ ಡಬ್ಬ. ಯಾವ ಚೀಟಿ ಬಂದರೂ ಆ ಮೂರರಲ್ಲಿ ಒಂದಕ್ಕೆ ಬೀಳದೆ ಗತಿಯಿಲ್ಲ.

"ಈ ಡಕೋಟ ಕಾರು ಆಸ್ತಿನೇನಕ್ಕಾ? ಹತ್ತಿದವರ ಸೊಂಟ ಕೇಳಿದ್ರೆ ಬೇರೇನೇ ಹೇಳುತ್ತೆ," ಎಂದು ಮೇಷ್ಟ್ರು ಒಮ್ಮೆ ಗೊಣಗಿದ್ದರು.

"ಒಳ್ಳೇದೆಲ್ಲ ಆಸ್ತಿ, ಕೆಟ್ಟದ್ದೆಲ್ಲ ಹೊಣೆ ಅಂತ ಯಾರು ಹೇಳಿದ್ದು ಮೇಷ್ಟ್ರೇ? ಡಕೋಟ ಆದ್ರೂ ನಮ್ಮದು, ದುಡಿದು ಹಾಕ್ತಿದೆ. ಆಸ್ತಿ. ನಾವು ಬೇರೆಯವರಿಗೆ ಕೊಡ್ಬೇಕಾದ್ದು ಎಷ್ಟೇ ಚಂದ ಇದ್ರೂ ಹೊಣೆ. ಇದರಲ್ಲಿ ಅದನ್ನ ಕಳೆದು ಏನು ಉಳಿಯುತ್ತೋ ಅದು ಯಜಮಾನರ ಬಂಡವಾಳ. ಏನೂ ಉಳೀದಿದ್ರೆ ಅದೂ ಅವರದ್ದೇ."

ಮೈದುನನ ಲೆಕ್ಕಶಾಸ್ತ್ರ ಇದಕ್ಕಿಂತ ಸರಳವಾಗಿತ್ತು. ಹಣದ ಪೆಟ್ಟಿಗೆಯಲ್ಲಿ ಇರುವುದೆಲ್ಲ ತನ್ನದು. ಪೆಟ್ಟಿಗೆ ತುಂಬಿದ ದಿನ ಅವನು ಸಾಹುಕಾರ, ಖಾಲಿಯಾದ ದಿನ ಕಾಲ ಕೆಟ್ಟಿದೆ. ನಡುವೆ ಬೇರೆ ಸ್ಥಿತಿ ಅವನಿಗೆ ಗೊತ್ತಿರಲಿಲ್ಲ.

ರಜೆಯ ಕಾಲ ಬಂತು. 'ಪೂರ್ತಿ ಫೀಸು ಮುಂಗಡ ಕಟ್ಟಿದವರಿಗೆ ಭಾರಿ ರಿಯಾಯಿತಿ' ಎಂದು ಮೈದುನ ಹಲಗೆ ತೂಗುಹಾಕಿದ್ದೇ ತಡ, ಕಿಟಕಿಗೆ ಜನ ಮುಗಿಬಿದ್ದರು. ಕಾರು ಒಂದೇ, ಮೇಷ್ಟ್ರು ಒಬ್ಬರೇ. ರಾತ್ರಿ ಪಾಳಿ ಮುಗಿಸಿ ಬಂದ ನರ್ಸಮ್ಮ ಬೆಂಚಿನ ಮೇಲೆ ಕೂತಲ್ಲೇ ತೂಕಡಿಸಿ, ಸರದಿ ಬಾರದೆ ಎದ್ದು ಹೋಗುವುದು ದಿನಚರಿಯಾಯಿತು. ಫೀಸು ಪೂರ್ತಿ ಕಟ್ಟಿದ್ದ ಆಕೆಗೆ ಅದುವರೆಗೆ ಕಾರಿನಲ್ಲಿ ಪರಿಚಯವಾಗಿದ್ದು ಹಾರನ್ನು ಮಾತ್ರ. ಪೆಟ್ಟಿಗೆಯ ಮುಚ್ಚಳವಾದರೋ ಹಾಕಲು ಬರುತ್ತಿರಲಿಲ್ಲ.

"ಅತ್ತಿಗೆ, ನನ್ನ ಬಂಡವಾಳ ಎಷ್ಟಾಯ್ತು?" ಮೈದುನ ಕೈ ಉಜ್ಜಿಕೊಳ್ಳುತ್ತ ಬಂದ.

"ಹೋದ ತಿಂಗಳು ಎಷ್ಟಿತ್ತೋ ಅಷ್ಟೇ."

"ಪೆಟ್ಟಿಗೆ ಮುಚ್ಚೋಕಾಗ್ತಿಲ್ಲ, ಅಷ್ಟೇ ಅಂತೀರಲ್ಲ!"

"ಪೆಟ್ಟಿಗೇಲಿರೋ ದುಡ್ಡು ಆಸ್ತಿ, ಇಲ್ಲ ಅಂದೋರ್ಯಾರು? ಆದ್ರೆ ಅಷ್ಟಕ್ಕೂ ಇನ್ನು ಪಾಠ ಹೇಳ್ಕೊಡ್ಬೇಕಲ್ಲಪ್ಪ. ಅದು ಹೊಣೆ. ಎರಡೂ ಒಟ್ಟಿಗೇ ಏರಿದೆ. ನಿನ್ನದು ಇದ್ದಲ್ಲೇ ಇದೆ."

"ಪಾಠ ಅನ್ನೋದು ಗಾಳೀಲಿರೋ ಮಾತು ಅತ್ತಿಗೆ. ದುಡ್ಡು ಕಣ್ಣೆದುರಿಗಿದೆ."

"ಕೊಡ್ಬೇಕಾದ್ದು ಗಾಳೀಲಿದ್ರೂ ಕೊಡ್ಬೇಕಾದ್ದೇ."

ಆಗ ಮೈದುನ ಗುಟ್ಟು ಬಿಚ್ಚಿದ. ಟೈರ್ ಅಂಗಡಿಯ ಸಾಹುಕಾರರು ಸ್ಕೂಲಿಗೆ ಪಾಲುದಾರರಾಗಿ ಬರಲು ಒಪ್ಪಿದ್ದಾರೆ. ಮೈದುನನ ಬಂಡವಾಳ ಎಷ್ಟಿದೆಯೋ ಅಷ್ಟನ್ನೇ ತಾವೂ ತಂದು ಹಾಕುತ್ತಾರೆ. ಆ ದುಡ್ಡಿನಲ್ಲಿ ಕೋಣೆಗೆ ಗಾಜಿನ ಬಾಗಿಲು, ತಿರುಗುವ ಕುರ್ಚಿ, ರಾತ್ರಿ ಹೊಳೆಯುವ ನಾಮಫಲಕ. ಕೂಸು ಹುಟ್ಟುವ ಮುಂಚೆ ಕುಲಾವಿ ಹೊಲಿಸಿದ್ದಷ್ಟೇ ಅಲ್ಲ, ಕುಲಾವಿಗೆ ಜರಿಯನ್ನೂ ಹಾಕಿಸಿಯಾಗಿತ್ತು.

"ಅದಕ್ಕೇ ಹೇಳ್ತಿರೋದು. ಆ ಫೀಸನ್ನೆಲ್ಲ ಬಂಡವಾಳದ ಪುಟಕ್ಕೆ ಹಾಕಿ. ಸಾಹುಕಾರರು ಸಹಿ ಹಾಕಿದ ಮೇಲೆ ಎಲ್ಲಿಗೆ ಬೇಕಾದ್ರೂ ಎತ್ಕೊಂಡು ಹೋಗಿ."

"ಆಗಲ್ಲ."

"ನಾನು ಯಜಮಾನ, ಅತ್ತಿಗೆ."

"ಅದಕ್ಕೇ ಆ ಪುಟದ ತಲೆಮೇಲೆ ನಿನ್ನ ಹೆಸರು ಬರ್ದಿದೀನಿ. ಕೆಳಗೆ ಎಷ್ಟಿರ್ಬೇಕು ಅನ್ನೋದು ನಿನ್ನಿಷ್ಟ ಅಲ್ಲ, ನನ್ನಿಷ್ಟಾನೂ ಅಲ್ಲ."

ತಾನು ಹಿಡಿದ ಮೊಲಕ್ಕೆ ಮೂರೇ ಕಾಲು ಎನ್ನುವ ಜನ ಆ ಮನೆತನದಲ್ಲಿ ಹಿಂದೆಯೂ ಇದ್ದರು. ಆದರೆ ಒಂದೇ ಕೋಣೆಯಲ್ಲಿ ಇಬ್ಬರು ಎದುರೆದುರು ಕೂತದ್ದು ಇದೇ ಮೊದಲು. ಮೈದುನ ಕೆಂಪಾದ, ನೀಲಿಯಾದ. ಕೊನೆಗೆ ಪೆಟ್ಟಿಗೆಯಿಂದ ಆ ತಿಂಗಳ ಸಂಬಳ ಎಣಿಸಿ ಮೇಜಿನ ಮೇಲಿಟ್ಟ. "ನಾಳೆಯಿಂದ ಮನೇಲಿ ಆರಾಮಾಗಿರಿ ಅತ್ತಿಗೆ. ಲೆಕ್ಕ ನಾನೇ ಬರ್ಕೋತೀನಿ."

ಲೆಕ್ಕದಕ್ಕ ದುಡ್ಡನ್ನು ಇನ್ನೊಮ್ಮೆ ಎಣಿಸಿದಳು. ಕನ್ನಡಕವನ್ನು ಡಬ್ಬಿಗೆ ಹಾಕಿ, ಚೀಲ ಹೆಗಲಿಗೇರಿಸಿ, ಚಪ್ಪಲಿ ಮೆಟ್ಟಿ ಹೊರಟಳು. ಅಳುತ್ತಾಳೇನೋ ಎಂದು ಬೆಂಚಿನವರೆಲ್ಲ ಕತ್ತು ಚಾಚಿದರು. ಆಕೆ ಬಾಗಿಲು ದಾಟಿ, ಗೋಡೆ ಬಳಸಿ, ಬೀದಿಯ ಕಡೆಯ ಕಿಟಕಿಯ ಸಾಲಿನಲ್ಲಿ ಹೋಗಿ ನಿಂತಳು.

ಒಳಗೆ ಬೇರೆ ಯಾರೂ ಇಲ್ಲದ ಕಾರಣ ಫೀಸು ತೆಗೆದುಕೊಳ್ಳಲು ಯಜಮಾನನೇ ಕೂತಿದ್ದ.

"ಹೆಸರು?" ಎಂದ ತಲೆ ಎತ್ತದೆ.

"ನಿಮ್ಮಣ್ಣನ ಹೆಂಡತಿ," ಎಂದು ಲೆಕ್ಕದಕ್ಕ ಸಂಬಳದ ಕಟ್ಟನ್ನು ಹಾಗೆಯೇ ಒಳಗೆ ತಳ್ಳಿದಳು. "ಪೂರ್ತಿ ಫೀಸು, ಮುಂಗಡ. ರಿಯಾಯಿತಿ ಹಿಡ್ಕೊಂಡು ಚಿಲ್ಲರೆ ಕೊಡು. ರಸೀದಿ ಬೇಕು."

ಸಾಲಿನಲ್ಲಿ ಹಿಂದೆ ನಿಂತವರು ಕಿಸಕ್ಕೆಂದರು. ಮೈದುನನ ಬಾಯಿ ಬೇಡ ಎನ್ನುವುದರೊಳಗೆ ಕೈ ದುಡ್ಡನ್ನು ಎತ್ತಿಕೊಂಡಾಗಿತ್ತು. ಅಭ್ಯಾಸಬಲ, ಪಾಪ.

ಮನೆಯಲ್ಲಿ ಗಂಡ ಸುದ್ದಿ ಕೇಳಿ, ಕಣ್ಣಿಗೆ ಸಿಕ್ಕಿಸಿಕೊಂಡಿದ್ದ ಭೂತಗನ್ನಡಿಯನ್ನೂ ತೆಗೆಯದೆ ಹೆಂಡತಿಯನ್ನು ನೋಡಿದ. "ಕೆಲಸ ಹೋಯ್ತು. ಸಂಬಳಾನೂ ಅಲ್ಲೇ ಕೊಟ್ಟು ಬಂದೆ. ಬಾಡಿಗೆ ಏನ್ಮಾಡ್ತೀಯೇ?"

"ಅದು ನಮ್ಮ ಹೊಣೆ. ಬರ್ದಿಟ್ಟಿದೀನಿ."

"ಬರ್ದಿಟ್ರೆ ತೀರುತ್ತಾ?"

"ಬರೀದಿದ್ರೆ ತೀರೋದೇ ಇಲ್ಲ. ಊಟಕ್ಕೇಳಿ."

ಹಾಗೆಂದವಳು ಆ ರಾತ್ರಿ ತನ್ನ ಪಾಲಿನ ಅನ್ನವನ್ನು ಅರ್ಧ ಹಾಗೆಯೇ ಬಿಟ್ಟು ಎದ್ದಳು. ಇದು ದಂತಕಥೆಗಳಲ್ಲಿ ಬರುವುದಿಲ್ಲ, ಗಂಡನೊಬ್ಬನಿಗೇ ಗೊತ್ತು.

ಮರುದಿನದಿಂದ ಲೆಕ್ಕದಕ್ಕ ಬೆಂಚಿನ ಮೇಲೆ ನರ್ಸಮ್ಮನ ಪಕ್ಕದಲ್ಲಿ ರಸೀದಿ ಹಿಡಿದು ಕೂತಳು. ಮೈದುನ ಒಳಗಿಂದ ಹೊರಗೆ, ಹೊರಗಿಂದ ಒಳಗೆ ಓಡಾಡಿದಾಗಲೆಲ್ಲ "ನನ್ನ ಪಾಠ?" ಎಂದು ಕೇಳಿದಳು. ಸಿಟ್ಟಿಲ್ಲ, ವ್ಯಂಗ್ಯವಿಲ್ಲ, ನಲ್ಲಿ ತೊಟ್ಟಿಕ್ಕಿದ ಹಾಗೆ. ಆ ತೊಟ್ಟಿಕ್ಕುವಿಕೆ ನರ್ಸಮ್ಮನಿಗೂ ಹತ್ತಿತು. ಆಮೇಲೆ ಇಡೀ ಬೆಂಚಿಗೆ. ಮೈದುನ ಕೊನೆಗೆ ಹಿಂಬಾಗಿಲಿನಿಂದ ಓಡಾಡಲು ಶುರುಮಾಡಿದ.

ಟೈರ್ ಸಾಹುಕಾರರು ಸ್ಕೂಲು ನೋಡಲು ಬಂದ ದಿನವೂ ಬೆಂಚು ತುಂಬಿತ್ತು. ಮೇಷ್ಟ್ರು ಎರಡು ಬ್ರೇಕಿನ ಕಾರಿನಲ್ಲಿ ಯಾರನ್ನೋ ಕರೆದುಕೊಂಡು ಹೋಗಿದ್ದರು.

"ಬನ್ನಿ ಬನ್ನಿ, ನೋಡಿ, ವ್ಯಾಪಾರ ಹೇಗಿದೆ!" ಎಂದು ಮೈದುನ ಬೆಂಚಿನ ಕಡೆ ಕೈ ಬೀಸಿದ.

"ನನ್ನ ಪಾಠ?" ಎಂದಳು ಲೆಕ್ಕದಕ್ಕ.

ಸಾಹುಕಾರರ ಹುಬ್ಬು ಮೇಲೇರಿತು. ಮೈದುನ ಹಲ್ಲು ಬಿಟ್ಟು, "ಈಗಲೇ ಬನ್ನಿ ಅತ್ತಿಗೆ, ನಾನೇ ಹೇಳ್ಕೊಡ್ತೀನಿ. ನನ್ನ ಕಾರಿದೆಯಲ್ಲ. ಸಾಹುಕಾರ್ರೇ, ನೀವೂ ಹಿಂದೆ ಕೂತ್ಕೊಳ್ಳಿ, ನಮ್ಮ ಪಾಠ ಹೇಗಿರುತ್ತೆ ನೋಡಿ," ಎಂದುಬಿಟ್ಟ. ಅವನ ಸ್ವಂತ ಕಾರಿಗೆ ಎಲ್ಲ ಕಾರುಗಳ ಹಾಗೆ ಒಂದೇ ಬ್ರೇಕು, ಅದೂ ಓಡಿಸುವವರ ಕಾಲ ಕೆಳಗೆ ಎನ್ನುವುದು ಆ ಉತ್ಸಾಹದಲ್ಲಿ ಅವನಿಗೆ ಹೊಳೆಯಲಿಲ್ಲ.

ಸ್ಕೂಲಿನ ಹಿಂದಿನ ಮೈದಾನ ಖಾಲಿಯಿತ್ತು. ಯಾರೋ ಕಟ್ಟಡಕ್ಕೆಂದು ತಂದು ಸುರಿದ ಮರಳಿನ ಗುಡ್ಡೆಯೊಂದು ದೂರದ ತುದಿಯಲ್ಲಿತ್ತು. ನೆಲ ಕಣ್ಣಿಗೆ ಸಮತಟ್ಟು, ಚಕ್ರಕ್ಕೆ ಇಳಿಜಾರು. ಮೈದುನ ಪಕ್ಕದಿಂದಲೇ ಗೇರು ಹಾಕಿ, ಕ್ಲಚ್ಚು ಬಿಡಿಸಿ, ರಥ ಹೊರಡಿಸಿದ. ನಾಲ್ಕು ಮಾರು ಹೋಗುವುದರಲ್ಲಿ ಸಾಹುಕಾರರ ಮುಂದೆ ಬಿಂಕಕ್ಕೆ ಎರಡನೆಯ ಗೇರನ್ನೂ ಹಾಕಿಸಿದ. ಲೆಕ್ಕದಕ್ಕ ಸ್ಟಿಯರಿಂಗನ್ನು ಕಡತದ ಹಾಗೆ ಎರಡೂ ಕೈಯಲ್ಲಿ ಹಿಡಿದು ನೆಟ್ಟಗೆ ಕೂತಿದ್ದಳು.

"ಅಂದ ಹಾಗೆ, ನಿಮ್ಮ ಬಂಡವಾಳ ಒಟ್ಟು ಎಷ್ಟು ಅಂದ್ರಿ?" ಹಿಂದಿನಿಂದ ಸಾಹುಕಾರರು ಕೇಳಿದರು.

"ಪೆಟ್ಟಿಗೆ ತುಂಬ ಇದೆ ಸಾಹುಕಾರ್ರೇ. ಎಲ್ಲ ನನ್ನದೇ."

"ಎಲ್ಲ ನಿನ್ನದಾ?" ಎಂದಳು ಲೆಕ್ಕದಕ್ಕ ಮುಂದಿನ ಗಾಜಿನಿಂದ ಕಣ್ಣು ಕೀಳದೆ. "ನಾನು ಕಟ್ಟಿದ್ದೂ ನಿನ್ನದಾ? ಪಾಠ ಈಗ ಶುರುವಾಯ್ತು."

"ಅತ್ತಿಗೆ, ಮೆಲ್ಲಗೆ."

"ನರ್ಸಮ್ಮ ಕಟ್ಟಿದ್ದು? ಹಾರನ್ ಹೊಡೆಯೋದೊಂದು ಕಲಿಸಿದೀಯ."

"ಅತ್ತಿಗೆ, ಇಳಿಜಾರು!"

"ಬೆಂಚಿನವರದ್ದೆಲ್ಲ ಯಾವ ಡಬ್ಬಕ್ಕೆ ಹಾಕಿದೆ? ಅದನ್ನ ಹೇಳು ಮೊದಲು."

ಮರಳಿನ ಗುಡ್ಡೆ ಎದ್ದು ನಿಂತು ಎದುರು ಬರತೊಡಗಿತು. ಮೈದುನ ತನ್ನ ಕಾಲಡಿಯಲ್ಲಿ ಇಲ್ಲದ ಬ್ರೇಕನ್ನು ಎರಡೂ ಕಾಲಿನಿಂದ ತುಳಿದ. ಹ್ಯಾಂಡ್‌ಬ್ರೇಕಿನ ಹತ್ತಿರ ಕೈ ಹಾಕಿದರೆ ಅದರ ಮೇಲೆ ಸಾಹುಕಾರರು ಹಿಂದಿನಿಂದ ಮುಂದಕ್ಕೆ ಚಾಚಿ ಇಟ್ಟಿದ್ದ ಬ್ಯಾಗಿತ್ತು.

"ಹೊಣೆ!" ಎಂದು ಚೀರಿದ. "ಹೊಣೆ ಅತ್ತಿಗೆ, ಎಲ್ಲ ಹೊಣೆ! ಒಂದು ಕಾಸೂ ನನ್ನದಲ್ಲ! ನಿಲ್ಲಿಸಿ!"

ಕಾರು ಮರಳಿಗೆ ಮುಖವಿಟ್ಟು, ಎಮ್ಮೆ ನಿಟ್ಟುಸಿರು ಬಿಟ್ಟ ಹಾಗೆ ಉಸಿರು ಬಿಟ್ಟು, ತಾನಾಗಿಯೇ ಆಫಾಯಿತು. ಯಾರಿಗೂ ಏನೂ ಆಗಲಿಲ್ಲ. ಬಾನೆಟ್ಟಿನ ಮೇಲಿಂದ ಸ್ವಲ್ಪ ಮರಳು ಜಾರಿತು, ಅಷ್ಟೇ.

ಸಾಹುಕಾರರು ಇಳಿದು, ಷೂ ಕಳಚಿ ಕೊಡವಿಕೊಂಡರು. "ನನ್ನಂಗಡೀಲಿ ಯಾರಾದ್ರೂ ಟೈರಿಗೆ ಮುಂಗಡ ಕೊಟ್ರೆ, ಟೈರು ಕೈಗೆ ಕೊಡೋವರ್ಗೂ ಆ ದುಡ್ಡು ನನ್ನನ್ನ ನೋಡ್ತಾನೇ ಇರುತ್ತೆ ಕಣಯ್ಯ. ನಿನ್ನನ್ನ ಇಡೀ ಬೆಂಚು ನೋಡ್ತಿದೆ. ಆ ಪಾಠಗಳೆಲ್ಲ ಮುಗೀಲಿ. ಆಮೇಲೆ ಏನುಳಿಯುತ್ತೋ ಅದರ ಮೇಲೆ ಮಾತಾಡೋಣ. ಲೆಕ್ಕ ಮಾತ್ರ ಈ ಅಮ್ಮನ ಕೈಲೇ ಬರೆಸು." ಬ್ಯಾಗು ಎತ್ತಿಕೊಂಡು ನಡೆದೇಬಿಟ್ಟರು. ಗಾಜಿನ ಬಾಗಿಲೂ ತಿರುಗುವ ಕುರ್ಚಿಯೂ ಅವರ ಹಿಂದೆಯೇ ಹೋದವು.

ಸಂಜೆ ಮೈದುನ ಅಣ್ಣನ ಮನೆಗೆ ಬಂದು, ಗಡಿಯಾರಗಳ ನಡುವೆ ಮುಖ ಉಬ್ಬಿಸಿಕೊಂಡು ಕೂತ. "ನಾಳೆಯಿಂದ ಬನ್ನಿ ಅತ್ತಿಗೆ," ಎಂದ, ಅತ್ತಿಗೆಯನ್ನು ಬಿಟ್ಟು ಗೋಡೆಯನ್ನು ನೋಡುತ್ತ.

"ಬರ್ತೀನಿ. ಬೆಳಿಗ್ಗೆ ಪಾಠಕ್ಕೆ, ಆಮೇಲೆ ಕೆಲಸಕ್ಕೆ. ನರ್ಸಮ್ಮಂದು ನನಗಿಂತ ಮೊದಲು."

ಮೈದುನ ಇನ್ನೊಂದು ಕಾರು ಬಾಡಿಗೆಗೆ ತಂದು, ತಾನೂ ಬೆಳಗಿನ ಜಾವಕ್ಕೆ ಎದ್ದು ಪಾಠ ಹೇಳತೊಡಗಿದ. ಒಂದೊಂದು ಪಾಠ ಮುಗಿದಾಗಲೂ ಲೆಕ್ಕದಕ್ಕ ಹೊಣೆಯ ಡಬ್ಬದಿಂದ ಒಂದು ಚೀಟಿ ತೆಗೆದು, ಅಷ್ಟನ್ನು ಸಂಪಾದನೆಯೆಂದು ಬರೆದು, ಖರ್ಚು ಕಳೆದು, ಉಳಿದದ್ದನ್ನು ಅವನ ಬಂಡವಾಳಕ್ಕೆ ಸೇರಿಸಿದಳು. ಅದು ಇರುವೆ ಸಕ್ಕರೆ ಹೊತ್ತ ಹಾಗೆ ಬೆಳೆಯಿತು. ಆದರೆ ಬೆಳೆದದ್ದು ಅವನದೇ ಆಗಿತ್ತು. ಮೈದುನ ದಿನಾ ಸಂಜೆ ಬಂದು ಆ ಪುಟವನ್ನು ಕದ್ದು ನೋಡುವ ಅಭ್ಯಾಸ ಬೆಳೆಸಿಕೊಂಡ.

ಬೀದಿಗೆ ಮಾತ್ರ ಹಬ್ಬ. ಕಥೆ ಒಂದು ಬಾಯಿಂದ ಇನ್ನೊಂದಕ್ಕೆ ಹೋಗುವಷ್ಟರಲ್ಲಿ ಮರಳಿನ ಗುಡ್ಡೆ ಕಲ್ಲಿನ ಗೋಡೆಯಾಯಿತು, ಎರಡನೆಯ ಗೇರು ನಾಲ್ಕನೆಯದಾಯಿತು. ಸತ್ಯ ಬಾಯಿಬಿಡುವವರೆಗೂ ಬ್ರೇಕ್ ತುಳಿಯುವುದಿಲ್ಲವೆಂದು ಶಪಥ ಮಾಡಿದ ವೀರನಾರಿಯೆಂದು ಲೆಕ್ಕದಕ್ಕನನ್ನು ಹೊಗಳಿದ್ದೇ ಹೊಗಳಿದ್ದು. ಒಂದು ಬೆಳಿಗ್ಗೆ ನರ್ಸಮ್ಮ ಬೆಂಚಿನ ಮೇಲೆ ಹತ್ತಿರ ಸರಿದು ಕೇಳಿಯೇಬಿಟ್ಟಳು.

"ಅಕ್ಕಾ, ನಿಜ ಹೇಳಿ. ಅಷ್ಟು ಹತ್ತಿರ ಬಂದ್ರೂ ಬ್ರೇಕ್ ಹಾಕ್ಲಿಲ್ವಲ್ಲ, ಅದೆಂಥ ಎದೆಗಾರಿಕೆ ನಿಮ್ದು! ನಮ್ಮೆಲ್ಲರ ಪರವಾಗಿ ಜೀವಾನೇ ಪಣಕ್ಕಿಟ್ರಲ್ಲ?"

ಲೆಕ್ಕದಕ್ಕ ಕನ್ನಡಕ ಒರೆಸಿಕೊಂಡಳು.

"ಬ್ರೇಕ್ ಯಾವುದು ಅಂತ ಗೊತ್ತಿರ್ಲಿಲ್ಲಮ್ಮ. ಅದು ನನ್ನ ಮೊದಲ್ನೇ ಪಾಠ."