ದೊಡ್ಡವ್ವ ಕೇಳಿದ ಮುಯ್ಯಿ

ಹಳ್ಳಿಮೈಸೂರು ದಾಟಿದ ಮೇಲೆ ಬಸ್ಸಿನ ಕಿಟಕಿಯಿಂದ ಆ ವಾಸನೆ ಬಂತು. ಬ್ಯಾರನ್ ಎನ್ನುವ ಒಲೆಮನೆಯಲ್ಲಿ ಹೊಗೆಸೊಪ್ಪು ಬೇಯುವ ವಾಸನೆ... ಬೆಲ್ಲ ಸೀದಂತೆ, ಒಣಹುಲ್ಲು ಬಿಸಿಯಾದಂತೆ, ಎರಡೂ ಅಲ್ಲದಂತೆ. ಪಕ್ಕದಲ್ಲಿ ಕೂತಿದ್ದ ಹೆಂಗಸು ಸೆರಗಿನಿಂದ ಮೂಗು ಮುಚ್ಚಿಕೊಂಡರು. ನಾನು ಗಾಜನ್ನು ಇನ್ನಷ್ಟು ಸರಿಸಿದೆ. ನಮ್ಮ ಪಕ್ಕದ ಮನೆಯ ದೊಡ್ಡವ್ವನ ತಿಥಿಗೆಂದು ಊರಿಗೆ ಹೊರಟಿದ್ದೆ. ಅವರು ತೀರಿಕೊಂಡರೆಂದು ಫೋನ್ ಬಂದಾಗ ಬರದಿದ್ದ ಅಳು ಆ ವಾಸನೆಗೆ ಬಂತು.

ದೊಡ್ಡವ್ವ ನಮಗೆ ರಕ್ತಸಂಬಂಧಿಯಲ್ಲ. ಗೋಡೆಗೆ ಗೋಡೆ ಅಂಟಿದ ಮನೆ, ಅಷ್ಟೇ. ಅಪ್ಪ ಅವರನ್ನು ಅತ್ತಿಗೆ ಎನ್ನುತ್ತಿದ್ದರು, ನಾವು ದೊಡ್ಡವ್ವ ಎನ್ನುತ್ತಿದ್ದೆವು.

ನಮ್ಮ ಕಡೆ ಆಷಾಢದಲ್ಲಿ ಸೊಪ್ಪು ಮುರಿಯಲು ಶುರುವಾದರೆ ಹೈಸ್ಕೂಲಿನ ಬೆಂಚುಗಳು ಖಾಲಿಯಾಗುತ್ತಿದ್ದವು. ಬೆಳಿಗ್ಗೆ ಮುರಿದ ಹಸಿ ಸೊಪ್ಪನ್ನು ಚಪ್ಪರದಡಿ ಕೂತು ದಾರದಲ್ಲಿ ಕಡ್ಡಿಗೆ ಕಟ್ಟಿ, ಸಂಜೆಯೊಳಗೆ ಬ್ಯಾರನ್ನಿಗೆ ಏರಿಸಬೇಕು. ಅದಕ್ಕೆ ಕೈಗಳು ಬೇಕು. ಊರಿನಲ್ಲಿ ಕೂಲಿ ಕೊಡುವುದಕ್ಕಿಂತ ಮುಯ್ಯಾಳು ಹೆಚ್ಚು. ಇವತ್ತು ಅವರು ನಮ್ಮಲ್ಲಿ ದುಡಿದರೆ ನಾಳೆ ನಮ್ಮ ಮನೆಯವರೊಬ್ಬರು ಅವರಲ್ಲಿ ದುಡಿಯಬೇಕು, ಅದೇ ಮುಯ್ಯಿ. ದೊಡ್ಡವರು ಸೊಪ್ಪು ಮುರಿಯಲು ಹೋಗುವುದರಿಂದ ಮುಯ್ಯಿ ತೀರಿಸಲು ಹೋಗುತ್ತಿದ್ದವರು ನಮ್ಮಂಥ ಹೆಣ್ಣುಮಕ್ಕಳು. ಹೀಗೆ ಹೋದವರು ಎಷ್ಟೋ ಜನ ಸೀಸನ್ ಮುಗಿದ ಮೇಲೂ ಶಾಲೆಗೆ ವಾಪಸಾಗುತ್ತಿರಲಿಲ್ಲ. ಮುಂದೆ ಮದುವೆ...

ನಾನು ಹತ್ತನೇ ಕ್ಲಾಸಿಗೆ ಹೋಗಬೇಕಾದ ವರ್ಷ ಅಪ್ಪ ಸಾಕು ಎಂದರು. ನಾನು ಚಪ್ಪರದಲ್ಲಿ ಕೂತು ಅಳುತ್ತಾ ಸೊಪ್ಪು ಕಟ್ಟುತ್ತಿದ್ದುದನ್ನು ದೊಡ್ಡವ್ವ ನೋಡಿದರು. ಮಾರನೇ ದಿನ ನನ್ನ ಕೈ ಹಿಡಿದುಕೊಂಡು ಹೈಸ್ಕೂಲಿಗೆ ಹೋದರು.

ಮೇಷ್ಟ್ರು ಒಳ್ಳೆಯವರು. ಬೇಸರದಿಂದಲೇ ಹೇಳಿದರು. "ಹದಿನಾಲ್ಕು ತುಂಬೋವರೆಗೆ ನಾವೇ ಮನೆಗೆ ಬಂದು ಕೇಳಬಹುದು ಕಣಮ್ಮ. ಆಮೇಲೆ ನಮ್ಮ ಕೈಲಿಲ್ಲ. ಕಾನೂನು ಅಲ್ಲಿಗೇ ನಿಂತುಬಿಡುತ್ತೆ."

"ಕಾನೂನು ನಿಂತ್ರೆ ನಿಂತ್ಕಳ್ಳಿ ಸಾ, ನಾವ್ಯಾಕೆ ನಿಂತ್ಕಬೇಕು?" ಎಂದರು ದೊಡ್ಡವ್ವ.

ಮರುದಿನ ಬೆಳಿಗ್ಗೆ ಅವರು ನಮ್ಮ ಚಪ್ಪರದಲ್ಲಿ ನಾನು ಕೂರುವ ಜಾಗದಲ್ಲೇ ಬಂದು ಕೂತು ಸೊಪ್ಪು ಕಟ್ಟತೊಡಗಿದರು. ಯಾರೂ ಕರೆದಿರಲಿಲ್ಲ. ಅವರಿಗಿದ್ದದ್ದು ರಾಗಿ ಹೊಲ ಮಾತ್ರ, ಸೊಪ್ಪು ಬೆಳೆಯುತ್ತಿರಲಿಲ್ಲ. ಅಪ್ಪನಿಗೆ ಇರಿಸುಮುರಿಸಾಯಿತು. ಅಪ್ಪ ಬಡವರಾದರೂ ಯಾರ ಮುಯ್ಯಿಯನ್ನೂ ಉಳಿಸಿಕೊಂಡವರಲ್ಲ.

"ಅತ್ಗೆ, ನಿಮ್ಗೆ ಇದ್ನ ಎಂಗೆ ತೀರ್ಸ್ಲಿ ನಾನು? ನಿಮ್ಮೊಲಕ್ಕೆ ಯಾವತ್ತು ಆಳು ಕಳಿಸ್ಲಿ, ಯೋಳಿ."

"ಒಲಕ್ಕೆ ಬ್ಯಾಡ. ನಿನ್ ಮಗಳನ್ನ ಇಸ್ಕೂಲ್ಗೆ ಕಳ್ಸು. ಅದೇ ನಂಗೆ ಮುಯ್ಯಿ."

ಬೇರೆ ಯಾರಾದರೂ ಬುದ್ಧಿ ಹೇಳಿದ್ದರೆ ಅಪ್ಪ ಬೈದು ಕಳಿಸುತ್ತಿದ್ದರು. ಮುಯ್ಯಿ ಎಂದಮೇಲೆ ಆಗುವುದಿಲ್ಲ ಎನ್ನುವ ಹಾಗಿರಲಿಲ್ಲ. ಪಕ್ಕದಲ್ಲಿ ಸೊಪ್ಪು ಕಟ್ಟುತ್ತಿದ್ದ ನಾನು ಎದ್ದು ಕೈ ತೊಳೆಯಲು ಓಡಿದೆ. ಹಸಿ ಸೊಪ್ಪಿನ ಕಪ್ಪು ಅಂಟು ಅಷ್ಟು ಸುಲಭಕ್ಕೆ ಹೋಗುವುದಿಲ್ಲ. ಅದೇ ಕೈಯಲ್ಲಿ ಬ್ಯಾಗು ಹಿಡಿದುಕೊಂಡು ಹೋದೆ.

ಆ ಸೀಸನ್ ಪೂರ್ತಿ ಅವರು ಬಂದರು. ಹಸಿ ಸೊಪ್ಪಿನ ನಂಜು ಅವರ ಮೈಗೆ ಒಗ್ಗುತ್ತಿರಲಿಲ್ಲ. ತಲೆ ಸುತ್ತಿ, ಬ್ಯಾರನ್ನಿನ ಹಿಂದೆ ಹೋಗಿ ವಾಂತಿ ಮಾಡಿ, ಬಾಯಿ ಮುಕ್ಕಳಿಸಿ ಮತ್ತೆ ಬಂದು ಕೂರುತ್ತಿದ್ದರಂತೆ. ಅಮ್ಮ ಇದನ್ನು ಹೇಳಿದ ದಿನ ನಾನು ಶಾಲೆಗೆ ಹೋಗುವುದಿಲ್ಲ ಎಂದು ಚಪ್ಪರಕ್ಕೆ ಬಂದೆ. ದೊಡ್ಡವ್ವ ಕಡ್ಡಿ ಎತ್ತಿ ತೋರಿಸಿದರು. "ನೀನಿದ್ರೆ ಬಾಯಿ ಜಾಸ್ತಿ, ಕೆಲ್ಸ ಕಮ್ಮಿ ಕಣೆ. ಓಗು ಅತ್ಲಾಗೆ, ಬಸ್ಸು ಬತ್ತದೆ."

ಹತ್ತನೇ ಕ್ಲಾಸು ಪಾಸಾದೆ. ಮುಂದೆ ಹೊಳೆನರಸೀಪುರದಲ್ಲಿ ಎರಡು ವರ್ಷ ಪಿಯುಸಿ ಇದೆ ಎಂದಾಗ ದೊಡ್ಡವ್ವ ರಾಗಿ ಕೇರುವುದನ್ನು ನಿಲ್ಲಿಸಿ ನನ್ನ ಮುಖ ನೋಡಿದರು.

"ಇನ್ನೂ ಐತಾ? ಇದೇನ್ಲೇ ಇದು, ಬೋರ್ ಕೊರ್ದಂಗೆ ಇಳೀತಾನೇ ಐತೆ, ತಳವೇ ಇಲ್ವಾ?"

ಬೈದರೂ ಸಂಜೆಗೆ ಅಪ್ಪನ ಹತ್ತಿರ ಬಂದರು. ಶಾಲೆಗೆ ಕಳಿಸು ಎಂದಿದ್ದಿರಿ, ಶಾಲೆ ಮುಗಿಯಿತಲ್ಲ ಎಂದರು ಅಪ್ಪ. "ಮುಂದ್ಕೂ ಐತೆ ಅಂತ ನಂಗೇನ್ ಗೊತ್ತಿತ್ತು? ಗೊತ್ತಿದ್ದಿದ್ರೆ ಅವತ್ತೇ ಕೇಳಿರ್ತಿದ್ದೆ," ಎಂದರು ದೊಡ್ಡವ್ವ. ಅಪ್ಪನಿಗೆ ನಗು ಬಂದುಬಿಟ್ಟಿತು. ಮುಂದಿನ ಎರಡು ಸೀಸನ್ನೂ ಆ ಜಾಗದಲ್ಲಿ ಅವರೇ ಕೂತರು.

ನಾನು ಲ್ಯಾಬ್ ಟೆಕ್ನಿಷಿಯನ್ ಆಗಿ ಚನ್ನರಾಯಪಟ್ಟಣದಲ್ಲಿ ಕೆಲಸಕ್ಕೆ ಸೇರಿದ ಮೇಲೆ ಒಂದು ಭಾನುವಾರ ಅವರ ಹೊಲದಲ್ಲಿ ಕಳೆ ಕೀಳಲು ಹೋದೆ. ಅವರು ನನ್ನ ಕೈಯಿಂದ ಕುಡುಗೋಲು ಕಿತ್ತುಕೊಂಡರು. "ಮುಯ್ಯಿ ತೀರ್ಸ್ಬುಟ್ರೆ ಆಮ್ಯಾಕೆ ನೀನ್ಯಾಕೆ ಬತ್ತೀಯ ನಮ್ಮನೇಗೆ?" ನಗುತ್ತಲೇ ಅಂದರು. ಆದರೂ ನನ್ನನ್ನು ಹೊಲಕ್ಕೆ ಇಳಿಸಲೇ ಇಲ್ಲ...

ಈಗ ಅಪ್ಪ ಇಲ್ಲ. ಬ್ಯಾರನ್ನು ಅಣ್ಣನದು. ಅಣ್ಣನ ಮಗಳು ಈ ವರ್ಷ ಎಸ್ಸೆಸ್ಸೆಲ್ಸಿ ಮುಗಿಸಿದ್ದಾಳೆ. ಅವಳನ್ನು ಕಾಲೇಜಿಗೆ ಸೇರಿಸೆಂದು ದೊಡ್ಡವ್ವ ಮಲಗಿದ ಹಾಸಿಗೆಯಿಂದಲೇ ಅಣ್ಣನನ್ನು ಕರೆಸಿ ಕರೆಸಿ ಹೇಳುತ್ತಿದ್ದರಂತೆ. ತಿಥಿಯ ಊಟವಾದ ಮೇಲೆ ನಾನು ಆ ಮಾತು ತೆಗೆದೆ.

"ದೊಡ್ಡವ್ವ ಇದ್ದಿದ್ರೆ ಬ್ಯಾರೆ ಮಾತು," ಎಂದ ಅಣ್ಣ. "ಈಗ ಆಳು ಎಲ್ ಸಿಗ್ತಾರೆ? ಹತ್ತಾಯ್ತಲ್ಲ ಬುಡು."

"ಅವಳ ಜಾಗದಲ್ಲಿ ನಾನು ಕೂರ್ತೀನಿ."

"ನಿನ್ ಕೆಲ್ಸ?"

"ರಜಾ ಹಾಕ್ತೀನಿ. ರಜಾ ಮುಗಿದ ಮೇಲೆ ನನ್ನ ಸಂಬಳದಲ್ಲಿ ಆಳು ಇಡ್ತೀನಿ. ಅವಳು ನಾಳೆ ಕಾಲೇಜಿಗೆ ಸೇರಬೇಕು."

ಅಣ್ಣ ಪಕ್ಕದ ಮನೆಯ ಬಾಗಿಲ ಕಡೆ ನೋಡಿದ. "ನೀನೂ ದೊಡ್ಡವ್ವನಂಗೇ ಅಟ ಇಡೀತೀಯಲ್ಲವ್ವ," ಎಂದ.

ಬೆಳಿಗ್ಗೆ ಹುಡುಗಿ ತನ್ನ ತಾಯಿಯ ಜೊತೆ ಹೊಳೆನರಸೀಪುರದ ಬಸ್ಸು ಹತ್ತಿದಳು. ನಾನು ಚಪ್ಪರದಲ್ಲಿ ಕೂತೆ. ಎಷ್ಟೋ ವರ್ಷ ಬಿಟ್ಟ ಕೆಲಸ, ಕುಣಿಕೆ ಬಿಗಿಯಾಗಲಿಲ್ಲ. ಎತ್ತಿದ ಕಡ್ಡಿಯಿಂದ ಸೊಪ್ಪು ಜಾರಿ ಬಿತ್ತು. "ರಕ್ತ ತೆಗಿಯೋ ಕೈಗೆ ಸೊಪ್ಪು ಬಗ್ತದೇನವ್ವಾ?" ಎಂದು ಮುಯ್ಯಾಳಿಗೆ ಬಂದಿದ್ದ ಹೆಂಗಸರು ನಕ್ಕರು. ನಾನೂ ನಕ್ಕೆ. ಅವರೆಲ್ಲರಿಗಿಂತ ಜೋರಾಗಿ ಬೈಯಬೇಕಾಗಿದ್ದ ಒಬ್ಬರು ಅಲ್ಲಿರಲಿಲ್ಲ. ಸೊಪ್ಪಿನ ನಂಜಿಗೆ ಬ್ಯಾರನ್ನಿನ ಹಿಂದೆ ಹೋಗಿ ವಾಂತಿ ಮಾಡಿ ಬಂದು, ಬಿದ್ದ ಸೊಪ್ಪನ್ನೆಲ್ಲ ಆರಿಸಿ ಮಡಿಲಿಗೆ ಹಾಕಿಕೊಂಡು, ಮೊದಲಿನಿಂದ ಕಟ್ಟತೊಡಗಿದೆ.