ಇಪ್ಪತ್ತನಾಲ್ಕನೆಯ ಪೆಟ್ಟಿಗೆ

ದೆವ್ವ, ಪವಾಡ, ಮೈಮೇಲೆ ಬರುವುದು ಎಂದು ಯಾರಾದರೂ ಮಾತು ತೆಗೆದರೆ ಮೊದಲೆಲ್ಲ ನಾನು ಎದ್ದು ಒಲೆ ಮೇಲಿನ ಹಾಲು ನೋಡಲು ಹೋಗುತ್ತಿದ್ದೆ. ಅಂಥದ್ದರಲ್ಲಿ ನಂಬಿಕೆಯೂ ಇರಲಿಲ್ಲ, ಪುರುಸೊತ್ತೂ ಇರಲಿಲ್ಲ. ಈಗ ನಂಬುತ್ತೇನೆ ಎಂದೂ ಹೇಳುತ್ತಿಲ್ಲ. ಸೂರತ್ತಿನ ಮನೆಯಲ್ಲಿ ಕೆಲವು ವರ್ಷಗಳ ಹಿಂದೆ ಒಂದು ಭಾನುವಾರ ನಡೆದದ್ದನ್ನು ನಡೆದ ಹಾಗೆ ಬರೆಯುತ್ತೇನೆ, ಅಷ್ಟೆ.

ನಮ್ಮವರು ಸರ್ಕಾರಿ ಕಚೇರಿಯೊಂದರಲ್ಲಿ ಗುಮಾಸ್ತರು. ವಡೋದರಾದಲ್ಲಿದ್ದಾಗ ಒಂದು ಫೈಲು ಕಾಣೆಯಾಯಿತು. ಆ ವಿಭಾಗ ಬಿಡುವಾಗ ತಮ್ಮ ಜಾಗಕ್ಕೆ ಬಂದ ಸಹೋದ್ಯೋಗಿಗೆ ಅದನ್ನು ಒಪ್ಪಿಸಿ, ಒಪ್ಪಿಸಿದ ಫೈಲುಗಳ ಪಟ್ಟಿಗೆ ಸಹಿ ಹಾಕಿಸಿಕೊಂಡಿದ್ದೇನೆಂದು ನಮ್ಮವರು ಹೇಳಿದರು. ನನ್ನ ಕೈಗೆ ಬಂದೇ ಇಲ್ಲ ಎಂದ ಆ ಸಹೋದ್ಯೋಗಿ. ಸಹಿಯಾದ ಪಟ್ಟಿ ಮಾತ್ರ ಎಲ್ಲೂ ಸಿಗಲಿಲ್ಲ. ಚಾರ್ಜ್‌ಶೀಟ್ ಬಂತು. ಅಲ್ಲೇ ಇದ್ದರೆ ಸಾಕ್ಷಿ ಕೆಡಿಸುತ್ತಾರೆಂದು ವಿಚಾರಣೆ ಮುಗಿಯುವ ಮೊದಲೇ ಸೂರತ್ತಿಗೆ ವರ್ಗ ಮಾಡಿದರು. ವಿಚಾರಣೆ ನಡೆಯುತ್ತಿದ್ದುದು ಅಹಮದಾಬಾದಿನಲ್ಲಿ.

ವಡೋದರಾದ ಫತೇಗಂಜಿನ ಮನೆ ಖಾಲಿ ಮಾಡಿದೆವು. ವರ್ಗದ ಸಂಸಾರ ಮಾಡಿದವರಿಗೆ ಈ ಪದ್ಧತಿ ಗೊತ್ತು: ಪ್ರತಿ ಪೆಟ್ಟಿಗೆಗೂ ಒಂದು ನಂಬರು, ಅದರೊಳಗೆ ಏನಿದೆಯೆಂದು ನೋಟ್‌ಬುಕ್ಕಿನಲ್ಲಿ ಒಂದು ಸಾಲು. ನನ್ನದು ಇಪ್ಪತ್ತಮೂರಕ್ಕೆ ನಿಂತಿತು: "ಶಾವಿಗೆ ಒರಳು, ಇಡ್ಲಿ ತಟ್ಟೆ, ಹಳೇ ಸ್ವೆಟರ್." ಸೂರತ್ತಿನ ಅಡಾಜಣ್‌ನ ಫ್ಲ್ಯಾಟಿನಲ್ಲಿ ಸಾಮಾನು ಇಳಿಸಿದ ಲಾರಿಯವನು, "ಗಣೀ ಲೋ ಬೆನ್, ತ್ರೇವೀಸ್," ಎಂದ. ಎಣಿಸಿದೆ, ಇಪ್ಪತ್ತಮೂರೇ ಇದ್ದವು.

ಆಮೇಲಿನ ಮೂರು ತಿಂಗಳಲ್ಲಿ ನಮ್ಮವರು ಆ ಪೆಟ್ಟಿಗೆಗಳನ್ನು ಎಷ್ಟು ಸಲ ಕೆದಕಿದರೋ. ಊಟಕ್ಕೆ ಕೂತರೆ ಅನ್ನವನ್ನು ಬರೀ ಗುಡ್ಡೆ ಮಾಡುತ್ತಿದ್ದರು. ಕೊನೆಯ ವಿಚಾರಣೆ ಒಂದು ಸೋಮವಾರಕ್ಕೆ ಬಿತ್ತು. ಪಟ್ಟಿ ತೋರಿಸದಿದ್ದರೆ ನೌಕರಿ ಹೋಗುವುದು ಖಂಡಿತ. ಹಿಂದಿನ ದಿನ ಮಧ್ಯಾಹ್ನ ಗೋಡೆಗೆ ಒರಗಿ ಕೂತು, "ಹುಡುಕಿದ್ದು ಸಾಕು ಕಣೇ. ಊರಲ್ಲಿ ಏನು ಹೇಳೋದು, ಅದನ್ನ ಯೋಚನೆ ಮಾಡು," ಅಂದರು.

ಮಲಗುವುದಾದರೂ ಮಲಗಲಿ ಎಂದು ಚಾಪೆ ತರಲು ಕೋಣೆಗೆ ಹೋದೆ. ಮಂಚದ ಕೆಳಗೆ ಒಂದು ರಟ್ಟಿನ ಪೆಟ್ಟಿಗೆ. ಆ ಜಾಗವನ್ನು ಬೆಳಿಗ್ಗೆಯಷ್ಟೇ ಒರೆಸಿದ್ದೆ; ದಿನಾ ಒರೆಸುತ್ತೇನೆ. ಮೇಲೆ ನೀಲಿ ಅಕ್ಷರದಲ್ಲಿ 24 ಎಂದಿತ್ತು. ಬರಹ ನನ್ನದು, ಹಗ್ಗಕ್ಕೆ ಹಾಕಿದ ಗಂಟೂ ನನ್ನದೇ.

ಮಗಳು ಬಂದು ನೋಡಿ, "ಅಮ್ಮಾ, ನಿನ್ನ ಲಿಸ್ಟ್ ಟ್ವೆಂಟಿತ್ರೀಗೇ ಖತಮ್ ನೇ? ಇದು ಯಾವ್ದು?" ಅಂದಳು.

ಬಿಚ್ಚಿದರೆ ಬರೀ ಹಳೆಯ ಪೇಪರು. ಎಲ್ಲಕ್ಕಿಂತ ಅಡಿಯಲ್ಲಿ ಆ ಪಟ್ಟಿ ಇತ್ತು, ಸಹಿಯ ಸಮೇತ.

ನಮ್ಮವರು ಅದನ್ನು ಹಿಡಿದು ನೆಲದ ಮೇಲೆ ಕೂತುಬಿಟ್ಟರು. ಅಳುತ್ತಾರೆ ಅಂದುಕೊಂಡೆ. ಅಳಲಿಲ್ಲ.

"ನಿಜ ಹೇಳು. ಇದನ್ನ ನೀನು ಬರೆದ್ಯಾ?"

"ನಾನ್ಯಾಕ್ರೀ ಬರೀಲಿ? ಅವರ ಸಹಿ ಹೇಗಿರುತ್ತೆ ಅಂತಾನೂ ನಂಗೊತ್ತಿಲ್ಲ."

"ಮತ್ತೆ ಎಲ್ಲಿಂದ ಬಂತು?"

"ಗೊತ್ತಿಲ್ಲ. ನಾನು ಮಾಡಿಲ್ಲ."

ಅಹಮದಾಬಾದಿನಲ್ಲಿ ಅವರು ಕೊಡುತ್ತ ಬಂದಿದ್ದ ಉತ್ತರವೂ ಇದೇ. ಅದನ್ನು ಕೇಳಿ ಅಲ್ಲಿಯವರು ತಮ್ಮನ್ನು ಹೇಗೆ ನೋಡುತ್ತಾರೆಂದು ಎಷ್ಟೋ ಸಲ ನನ್ನ ಹತ್ತಿರ ಹೇಳಿಕೊಂಡಿದ್ದರು. ಆ ಹೊತ್ತು ಅವರು ನನ್ನನ್ನು ಹಾಗೆಯೇ ನೋಡಿದರು.

ಮರುದಿನ ಆ ಸಹೋದ್ಯೋಗಿ ಪಟ್ಟಿಯನ್ನು ತುಂಬ ಹೊತ್ತು ನೋಡಿ, "ಸಹಿ ನನ್ನದೇ, ಹಾಕಿದ ನೆನಪು ಮಾತ್ರ ಇಲ್ಲ," ಎಂದನಂತೆ. ನೌಕರಿ ಉಳಿಯಿತು.

ದಣಿವಿನಲ್ಲಿ ನಾನೇ ಕಟ್ಟಿ ಮರೆತಿರಬಹುದು ಎಂದು ಎಷ್ಟೋ ಸಲ ಸಮಾಧಾನ ಹೇಳಿಕೊಂಡಿದ್ದೇನೆ. ಆದರೆ ಮೂರು ತಿಂಗಳು ದಿನಾ ಒರೆಸಿದ ನೆಲ ಅದು. ಮುಂದೆ ಅಹಮದಾಬಾದಿಗೆ ವರ್ಗವಾದಾಗ ಪೆಟ್ಟಿಗೆಗಳನ್ನು ನಮ್ಮವರೇ ಕಟ್ಟಿದರು, ಅವರೇ ಎಣಿಸಿದರು. ಈಗಲೂ ಬಡಿಸುವಾಗ ಕೆಲವೊಮ್ಮೆ ತಲೆಯೆತ್ತಿ ನನ್ನ ಮುಖ ನೋಡುತ್ತಾರೆ. ಕೇಳುವುದಿಲ್ಲ. ಕೇಳಿದರೂ ನನ್ನ ಹತ್ತಿರ ಇರುವುದು ಅದೇ ಒಂದು ಉತ್ತರ.