ಇರಾನಿನ ನಟನೂ ನಮ್ಮ ಉರ್ದು ಮಾಸ್ತರೂ

ಉರ್ದು ಮಾಸ್ತರ ಮೂಗಿನ ನೆರಳು ಇರಾನಿನ ಗುಡ್ಡಗಳ ಮೇಲೆ ಬೀಳುತ್ತಿತ್ತು. ಅಂಥ ಮೂಗು ಅವರದು. ಪರದೆಯ ಪಕ್ಕ ನಿಂತು, ಮೆಹಂದಿ ಹಚ್ಚಿದ ಗಡ್ಡ ನೀವಿಕೊಳ್ಳುತ್ತ ಅವರು ಕಥೆ ಹೇಳತೊಡಗಿದರೆ ನಾಯಕಿಯ ಅರ್ಧ ಮುಖ ನಮಗೆ ಕಾಣುತ್ತಲೇ ಇರಲಿಲ್ಲ. ಯಾರೂ ತಕರಾರು ಮಾಡುತ್ತಿರಲಿಲ್ಲ.

ಆಗಿನ್ನೂ ಸಿ.ಡಿ.ಗಳ ಕಾಲ. ಗಂಗಾವತಿಯಲ್ಲಿ ನಾವು ನಾಲ್ಕು ಗೆಳೆಯರು ತಿಂಗಳಿಗೊಂದು ಭಾನುವಾರ ಮಧ್ಯಾಹ್ನ, ವಾಚನಾಲಯದ ಮಹಡಿಯ ಕಿಟಕಿಗಳಿಗೆ ಕಂಬಳಿ ಕಟ್ಟಿ, ಪರದೇಶದ ಸಿನಿಮಾ ತೋರಿಸುತ್ತಿದ್ದೆವು. ಹೈದರಾಬಾದಿನ ಗೆಳೆಯನೊಬ್ಬ ಕಳಿಸುತ್ತಿದ್ದ ಸಿ.ಡಿ.ಗಳೆಲ್ಲ ಇರಾನಿನವು, ಅದರಲ್ಲೂ ಒಬ್ಬನೇ ನಟನವು. ಅವನಿಗೆ ಆ ನಟನ ಹುಚ್ಚು. ಕೆಳಗೆ ಇಂಗ್ಲಿಷ್ ಸಾಲುಗಳು ಓಡುತ್ತಿದ್ದವು, ಓದುವವರು ಕಡಿಮೆ. ಹಾಗಾಗಿ ನಿವೃತ್ತರಾಗಿದ್ದ ಉರ್ದು ಮಾಸ್ತರನ್ನು ಕರೆತಂದೆವು. ಫಾರ್ಸಿ ಅವರಿಗೆ ನಾಲ್ಕಾಣೆ ತಿಳಿಯುತ್ತಿತ್ತು. ಉಳಿದ ಹನ್ನೆರಡಾಣೆ ಅವರ ಸ್ವಂತದ್ದು.

ಒಮ್ಮೆ ನಟ ಎರಡೇ ಮಾತಾಡಿದ, ಮಾಸ್ತರು ಐದು ನಿಮಿಷ ಹೇಳಿದರು. “ಅಂವಾ ಚಾ ಐತೇನು ಅಂತ ಅಷ್ಟ ಕೇಳಿದ್ನಲ್ರೀ ಸರ್?” ಎಂದು ಕೆಣಕಿದೆ.

“ಚಾ ಯಾಕ ಕೇಳಿದಾ ಅಂತ ಹೇಳೂದು ಬ್ಯಾಡೇನು?” ಎಂದು ನನ್ನನ್ನೇ ಗದರಿದರು.

ಅವರ ದೊಡ್ಡ ಕಿತಾಪತಿ ಬೇರೆಯೇ ಇತ್ತು. ಆ ನಟನ ಸಿನಿಮಾಗಳನ್ನೆಲ್ಲ ಒಂದಕ್ಕೊಂದು ಗಂಟು ಹಾಕಿ ಒಂದೇ ಬಾಳಿನ ಕಥೆ ಮಾಡಿಬಿಟ್ಟಿದ್ದರು. ಕಪ್ಪು-ಬಿಳುಪಿನಲ್ಲಿ ದಪ್ಪ ಮೀಸೆಯ ಹೊಡೆದಾಟದ ಹುಡುಗ, ಆಮೇಲೆ ಲಾರಿ ಡ್ರೈವರ್, ಆಮೇಲೆ ಹೆಣ್ಣುಮಕ್ಕಳ ತಂದೆ. “ಹೋದ ತಿಂಗಳ ಜೇಲಿಗೆ ಹೋಗಿದ್ನಲ್ರೀ, ಬಿಡುಗಡಿ ಆಗೇತಿ. ಈಗ ಮಗಳ ಮದುವಿ ಚಿಂತಿ,” ಎಂದು ಶುರು. ಜನ ಅವನ ಯೋಗಕ್ಷೇಮ ಕೇಳಲೆಂದೇ ಬರುತ್ತಿದ್ದರು. ಖಾನಾವಳಿ ನಡೆಸುತ್ತಿದ್ದ ಅಕ್ಕ ಮುಂದಿನ ಸಾಲನ್ನು ಒಂದು ದಿನವೂ ಬಿಟ್ಟುಕೊಟ್ಟವಳಲ್ಲ.

ಒಂದು ಸಿನಿಮಾದಲ್ಲಿ ನಟ ಹಿಮದಲ್ಲಿ ಬಿದ್ದು ಸತ್ತ. ಅಕ್ಕ ಆ ಸಂಜೆ ಒಲೆ ಹಚ್ಚಲಿಲ್ಲ. ರೊಟ್ಟಿಗೆ ಬಂದವರು ಮುಚ್ಚಿದ ಬಾಗಿಲು ನೋಡಿ ಹೋದರು. ಮುಂದಿನ ತಿಂಗಳು ಪರದೆ ಬೆಳಗಿದರೆ, ಅದೇ ನಟ ಕುಳಿತು ದ್ರಾಕ್ಷಿ ತಿನ್ನುತ್ತಿದ್ದಾನೆ!

ಅಕ್ಕ ಎದ್ದು ನಿಂತಳು. “ಮಾಸ್ತರ, ಸತ್ತಾಂವ ಹೆಂಗ ಬಂದಾನ್ರಿ? ಇವನ ಸಲುವಾಗಿ ನಾ ಖಾನಾವಳಿ ಬಂದ್ ಮಾಡೀನಿ!”

ಮಾಸ್ತರ ಕೈ ಗಡ್ಡದಲ್ಲೇ ನಿಂತಿತು. “ತಪ್ಪು ನಂದ ಐತಿ ತಂಗಿ. ಇವು ಬ್ಯಾರೆ ಬ್ಯಾರೆ ಕಥಿ. ಗಂಟು ಹಾಕಿದಾಂವ ನಾನು,” ಎಂದು ಹಿಂದಿನ ಬೆಂಚಿಗೆ ಹೋಗಿ ಕುಳಿತರು. ಇನ್ನವರು ಇತ್ತ ಕಡೆ ಬರುವುದಿಲ್ಲ ಅನ್ನಿಸಿತು. ಇಂಗ್ಲಿಷ್ ಸಾಲು ನೋಡಿಕೊಂಡು ನಾನೇ ಅನುವಾದ ಹೇಳತೊಡಗಿದೆ. ಒಂದಕ್ಷರ ತಪ್ಪಲಿಲ್ಲ. ಹತ್ತು ನಿಮಿಷಕ್ಕೆ ಎರಡು ಸಾಲು ಜನ ಆಕಳಿಸುತ್ತಿದ್ದರು.

“ಸಾಕು ಬಿಡಪಾ ತಮ್ಮಾ,” ಎಂದಳು ಅಕ್ಕ. “ಮಾಸ್ತರ, ಏಳ್ರಿ. ಬದುಕ್ಯಾನಂದ್ರ ಛಲೋನ ಆತಲ್ಲ. ಹಿಮದಾಗಿಂದ ಅವನ್ನ ಯಾರು ಎತ್ತಿದ್ರು, ಅಷ್ಟ ಹೇಳ್ರಿ.”

ಮಾಸ್ತರು ಎದ್ದು ಬಂದರು. ಎತ್ತಿದವರ ಕಥೆಯೇ ಅರ್ಧ ಗಂಟೆಯಾಯಿತು.

ಮಾಸ್ತರು ತೀರಿಕೊಂಡ ತಿಂಗಳು ಅದೇ ನಟನ ಹೊಸ ಸಿನಿಮಾ ಬಂತು. ಈಗವನು ಕೋಲೂರಿ ನಡೆಯುವ ಅಜ್ಜ. ಪರದೆ ಪೂರ್ತಿ ಕಾಣುತ್ತಿತ್ತು. ಅದನ್ನೇ ನನಗೆ ತಡೆದುಕೊಳ್ಳಲಾಗಲಿಲ್ಲ. ಎದ್ದು ಅವರು ನಿಲ್ಲುತ್ತಿದ್ದ ಜಾಗದಲ್ಲಿ ನಿಂತು, “ಹೋದ ತಿಂಗಳ ಇಂವಾ...” ಎಂದು ಶುರು ಮಾಡಿದೆ. ಯಾರೂ ಆಕಳಿಸಲಿಲ್ಲ. ನನಗೆ ಕಥೆ ಹೇಳಲು ಬರುತ್ತದೆ ಅನ್ನುವುದಾದರೆ ಅದು ಅವರು ಹಾಕಿದ ಭಿಕ್ಷೆ.

ಮುಗಿದ ಮೇಲೆ ಮೆಟ್ಟಿಲಿಳಿಯುತ್ತ ಅಕ್ಕ ಮೆಲ್ಲಗೆ ಕೇಳಿದಳು: “ಮಾಸ್ತರನ್ನ ಎತ್ತಾಕ ಯಾರೂ ಬರಲಿಲ್ಲೇನ ತಮ್ಮಾ?”